ಕದ್ದ ಬೆಳಕಿನಲ್ಲಿ ನಮಾಝ್

ಕಳ್ಳತನ ಹರಾಮ್ ಎಂಬುದನ್ನು ನಮ್ಮಲ್ಲಿ ಯಾರಿಗೂ ಹೊಸದಾಗಿ ಹೇಳಿಕೊಡಬೇಕಾಗಿಲ್ಲ. ನೆರೆಮನೆಯ ಡಬ್ಬಿಯಿಂದ ಒಂದು ಪಾವು ಅಕ್ಕಿ ಕದ್ದು ತಂದು ಮಕ್ಕಳಿಗೆ ಅನ್ನ ಬಡಿಸುವ ತಾಯಿ ನಮ್ಮ ಮೊಹಲ್ಲಾಗಳಲ್ಲಿ ಸಿಗಲಾರಳು. ಅಂಗಡಿಯವನು ಮರೆತು ಹತ್ತು ರೂಪಾಯಿ ಹೆಚ್ಚು ಚಿಲ್ಲರೆ ಕೊಟ್ಟರೆ ಅಷ್ಟು ದೂರ ಹಿಂದಿರುಗಿ ನಡೆದು ಕೊಟ್ಟುಬರುವ ಹಿರಿಯರು ಈಗಲೂ ನಮ್ಮ ನಡುವೆ ಇದ್ದಾರೆ. ಆದರೆ ಅಂಥದೇ ಒಂದು ಮನೆಯ ಮೀಟರ್ ಪೆಟ್ಟಿಗೆಯ ಹಿಂದೆ ಒಂದು ಗೇಣು ತಂತಿ ಬೇರೆ ದಾರಿ ಹಿಡಿದಿದ್ದರೆ ಅದು ಎಷ್ಟು ಮಂದಿಯ ನಿದ್ದೆ ಕೆಡಿಸುತ್ತದೆ? ಆ ತಂತಿಯ ಬೆಳಕಿನಲ್ಲೇ ಕುರ್‌ಆನ್ ಪಾರಾಯಣ ನಡೆಯುತ್ತದೆ. ಆ ಕರೆಂಟಿನ ಮೋಟಾರು ಮೇಲಕ್ಕೆತ್ತಿದ ನೀರಿನಲ್ಲೇ ವುಝೂ ಆಗುತ್ತದೆ. ರಮಝಾನಿನ ಸಹರಿಯ ಅಡಿಗೆಯೂ ಅದರಲ್ಲೇ ಬೇಯುತ್ತದೆ.

ಓದುಗರೇ, ಒಂದು ಪ್ರಶ್ನೆಯನ್ನು ನಿಮ್ಮ ಮುಂದಿಡಲು ಬಯಸುತ್ತೇನೆ. ಕದ್ದ ಬೆಳಕಿನಲ್ಲಿ ಮಾಡಿದ ನಮಾಝ್ ಏನಾಗುತ್ತದೆ?

ಕರ್ಮಶಾಸ್ತ್ರದ ವಿದ್ವಾಂಸರು ಇದಕ್ಕೆ ಹತ್ತಿರದ ಒಂದು ಪ್ರಶ್ನೆಯನ್ನು ಶತಮಾನಗಳ ಹಿಂದೆಯೇ ಚರ್ಚಿಸಿದ್ದಾರೆ. ಇನ್ನೊಬ್ಬರಿಂದ ಕಿತ್ತುಕೊಂಡ ನೆಲದ ಮೇಲೆ ನಿಂತು ನಮಾಝ್ ಮಾಡಿದರೆ ಅದು ಸಿಂಧುವೇ? ಕಡ್ಡಾಯ ಕರ್ತವ್ಯ ನೆರವೇರಿತು, ಆದರೆ ಪಾಪವೂ ಅಂಟಿತು ಎಂಬುದು ಹನಫಿ ಮತ್ತು ಶಾಫಿಈ ವಿದ್ವಾಂಸರ ಅಭಿಪ್ರಾಯ. ಅದು ಸಿಂಧುವೇ ಅಲ್ಲ ಎಂಬುದು ಇಮಾಮ್ ಅಹ್ಮದ್ ಬಿನ್ ಹಂಬಲ್‌ರಿಂದ ವರದಿಯಾದ ಪ್ರಸಿದ್ಧ ನಿಲುವು. ನಮಾಝ್‌ಗೆ ದೀಪ ಶರತ್ತಲ್ಲ, ಕತ್ತಲೆಯಲ್ಲೂ ನಮಾಝ್ ಆಗುತ್ತದೆ. ಆದ್ದರಿಂದ ಕದ್ದ ಬೆಳಕಿನ ವಿಷಯದಲ್ಲಿ 'ನಮಾಝ್ ಆಯಿತು' ಎಂಬ ಉತ್ತರ ಸಿಗುವುದು ಕಷ್ಟವಲ್ಲ. ಆದರೆ ಆ ಉತ್ತರದಿಂದ ನೆಮ್ಮದಿ ಪಡೆಯುವ ಮುನ್ನ ಇನ್ನೊಂದು ಮಾತು ನೆನಪಿರಲಿ. ದೂರ ಪ್ರಯಾಣದಿಂದ ಬಳಲಿ, ಧೂಳು ಮೆತ್ತಿದ ಕೆದರಿದ ತಲೆಯ ಒಬ್ಬ ಮನುಷ್ಯ ಆಕಾಶಕ್ಕೆ ಕೈಯೆತ್ತಿ ಪ್ರಾರ್ಥಿಸುವುದನ್ನು ಪ್ರವಾದಿವರ್ಯರು(ಸ) ವರ್ಣಿಸಿದರು. ಅವನ ಅನ್ನ, ಪಾನೀಯ, ಬಟ್ಟೆ ಎಲ್ಲವೂ ಹರಾಮ್ ಆಗಿರುವಾಗ ಅವನ ಪ್ರಾರ್ಥನೆಗೆ ಉತ್ತರ ಎಲ್ಲಿಂದ ಬರಬೇಕು ಎಂದು ಕೇಳಿದರು. ಕರ್ತವ್ಯ ಮುಗಿಯುವುದು ಬೇರೆ, ಮೊರೆ ಮುಟ್ಟುವುದು ಬೇರೆ.

ನಾಲ್ಕು ನೆಪಗಳು

ಈ ವಿಷಯ ಎತ್ತಿದಾಗಲೆಲ್ಲ ಕೆಲವು ಮಾತುಗಳು ಕೇಳಿಬರುತ್ತವೆ. ಅವುಗಳನ್ನು ಒಂದೊಂದಾಗಿ ನೋಡೋಣ.

'ಅದು ಸರಕಾರದ್ದು, ಯಾರ ಮನೆಯದೂ ಅಲ್ಲ' ಎಂಬುದು ಮೊದಲನೆಯದು. ಖೈಬರ್ ಯುದ್ಧದ ನಂತರದ ಒಂದು ಘಟನೆಯನ್ನು ಬುಖಾರಿ ಮತ್ತು ಮುಸ್ಲಿಮ್ ಎರಡೂ ಸಂಗ್ರಹಗಳು ವರದಿ ಮಾಡಿವೆ. ಪ್ರವಾದಿವರ್ಯರ(ಸ) ಸೇವೆಯಲ್ಲಿದ್ದ ಒಬ್ಬ ವ್ಯಕ್ತಿ ಎಲ್ಲಿಂದಲೋ ಬಂದ ಬಾಣ ತಗಲಿ ಮೃತಪಟ್ಟ. ಅವನಿಗೆ ಸ್ವರ್ಗ ಸಿಕ್ಕಿತೆಂದು ಸಹಾಬಿಗಳು ಸಂತೋಷಪಟ್ಟರು. ಆದರೆ ಪ್ರವಾದಿವರ್ಯರು(ಸ) ಹಾಗಲ್ಲವೆಂದರು. ಸಮರಾರ್ಜಿತ ಸೊತ್ತು ಹಂಚಿಕೆಯಾಗುವ ಮೊದಲೇ ಅವನು ಎತ್ತಿಟ್ಟುಕೊಂಡಿದ್ದ ಒಂದು ಹೊದಿಕೆ ಅವನ ಮೇಲೆ ಬೆಂಕಿಯಾಗಿ ಉರಿಯುತ್ತಿದೆಯೆಂದು ತಿಳಿಸಿದರು. ಅದನ್ನು ಕೇಳಿದ ಒಬ್ಬರು ಓಡಿಹೋಗಿ ತಾವು ತೆಗೆದುಕೊಂಡಿದ್ದ ಚಪ್ಪಲಿಯ ಬಾರನ್ನು ತಂದೊಪ್ಪಿಸಿದರು. ಆ ಹೊದಿಕೆ ಯಾವ ಒಬ್ಬ ವ್ಯಕ್ತಿಯದೂ ಆಗಿರಲಿಲ್ಲ ಎಂಬುದನ್ನು ಗಮನಿಸಿ. ಅದು ಎಲ್ಲರದೂ ಆಗಿತ್ತು.

'ನೀರು, ಹುಲ್ಲು, ಬೆಂಕಿ ಈ ಮೂರರಲ್ಲಿ ಜನರೆಲ್ಲ ಪಾಲುದಾರರು ಎಂದು ಹದೀಸ್ ಇದೆಯಲ್ಲ? ಕರೆಂಟೂ ಒಂದು ಬಗೆಯ ಬೆಂಕಿಯೇ' ಎಂಬುದು ಎರಡನೆಯದು. ಹದೀಸ್ ಇರುವುದು ನಿಜ. ಆದರೆ ಪಾಲುದಾರನೆಂದರೇನು? ನಾಲ್ವರು ಅಣ್ಣತಮ್ಮಂದಿರಿಗೆ ಸೇರಿದ ಬಾವಿಯಿಂದ ಒಬ್ಬನು ಇರುಳಿನಲ್ಲಿ ಪೈಪು ಹಾಕಿ ತನ್ನ ತೋಟಕ್ಕೆ ನೀರು ಹರಿಸಿಕೊಂಡರೆ 'ನಾನೂ ಪಾಲುದಾರ' ಎಂಬ ಮಾತು ಅವನನ್ನು ಬಿಡಿಸುವುದಿಲ್ಲ, ಸಿಕ್ಕಿಸುತ್ತದೆ. ಶಿವನಸಮುದ್ರದಲ್ಲಿ ಕಾವೇರಿಯ ನೀರಿನಿಂದ ತಯಾರಾದ ವಿದ್ಯುತ್ 1902ರಲ್ಲಿ ಕೋಲಾರದ ಚಿನ್ನದ ಗಣಿಗೆ ಹೋಯಿತು, 1905ರಲ್ಲಿ ಬೆಂಗಳೂರಿನ ಬೀದಿಗಳಿಗೆ ಬಂತು. ನದಿ ಎಲ್ಲರದು ಸರಿ. ಆದರೆ ಅಣೆಕಟ್ಟು, ಯಂತ್ರ, ಕಂಬ, ತಂತಿ, ಕಂಬ ಹತ್ತುವ ಕಾರ್ಮಿಕನ ಕೂಲಿ ಇವೆಲ್ಲ ಜನರ ಹಣದಿಂದ ಬಂದವು. ಒಬ್ಬನು ಲೆಕ್ಕಕ್ಕೆ ಸಿಗದಂತೆ ಎಳೆದುಕೊಂಡ ಕರೆಂಟು ನಷ್ಟದ ಖಾತೆಗೆ ಹೋಗುತ್ತದೆ. ದರ ನಿಗದಿ ಮಾಡುವಾಗ ನಷ್ಟವನ್ನೂ ಲೆಕ್ಕಕ್ಕೆ ಹಿಡಿಯುವುದರಿಂದ ಅದರಲ್ಲೊಂದು ಭಾಗ ಪ್ರಾಮಾಣಿಕನ ಬಿಲ್ಲಿಗೇ ಬಂದು ಸೇರುತ್ತದೆ. ಬೈತುಲ್‌ಮಾಲ್‌ನಿಂದ ಕದ್ದವನ ಕೈ ಕತ್ತರಿಸಬಾರದು, ಅದರಲ್ಲಿ ಅವನ ಪಾಲೂ ಇದೆ ಎಂದು ಅನೇಕ ವಿದ್ವಾಂಸರು ಹೇಳಿರುವುದುಂಟು. ಅದು ಶಿಕ್ಷೆಯಲ್ಲಿ ಕೊಟ್ಟ ರಿಯಾಯಿತಿ. ಕದಿಯಲು ಅವರು ಅನುಮತಿ ಕೊಟ್ಟಿಲ್ಲ.

'ಕರೆಂಟು ಕಣ್ಣಿಗೆ ಕಾಣುವ ವಸ್ತುವೇ ಅಲ್ಲ, ಕದಿಯುವುದೆಂದರೇನು?' ಎಂಬುದು ಮೂರನೆಯದು. ಈ ವಾದ ನ್ಯಾಯಾಲಯಗಳಿಗೆ ಹಳೆಯದು. ಹಾಲೆಂಡಿನ ಹೇಗ್ ನಗರದಲ್ಲಿ ಒಬ್ಬ ದಂತವೈದ್ಯ ಸೂಜಿ ತೂರಿಸಿ ಮೀಟರಿನ ಚಕ್ರವನ್ನು ನಿಲ್ಲಿಸಿದ್ದ. ವಿದ್ಯುತ್ ಒಂದು ಸೊತ್ತಲ್ಲವೆಂದು ಅವನ ಕಡೆಯವರು ವಾದಿಸಿದರು. ಆ ದೇಶದ ಸರ್ವೋಚ್ಚ ನ್ಯಾಯಾಲಯ 1921ರಲ್ಲಿ ಆ ವಾದವನ್ನು ತಳ್ಳಿಹಾಕಿತು. ನಮ್ಮ ದೇಶದಲ್ಲಿ 1910ರ ವಿದ್ಯುತ್ ಕಾಯ್ದೆಯ 39ನೇ ಕಲಂ ಇದನ್ನು ಕಳ್ಳತನವೆಂದೇ ಹೇಳಿತ್ತು. 1964ರಲ್ಲಿ ಅವತಾರ್ ಸಿಂಗ್ ಮೊಕದ್ದಮೆಯಲ್ಲಿ ಸುಪ್ರೀಂ ಕೋರ್ಟು ಆರೋಪಿಯನ್ನು ಬಿಟ್ಟಿತು. ಕದ್ದದ್ದು ತಪ್ಪಲ್ಲವೆಂದಲ್ಲ, ದೂರು ಕೊಡಲು ಕಾಯ್ದೆ ಯಾರಿಗೆ ಅಧಿಕಾರ ಕೊಟ್ಟಿತ್ತೋ ಅವರು ದೂರು ಕೊಟ್ಟಿರಲಿಲ್ಲ ಎಂಬ ಕಾರಣಕ್ಕೆ. ಕೋರ್ಟಿನಲ್ಲಿ ಇಂಥ ಬಿಡುಗಡೆ ಸಿಗಬಹುದು. ಪರಲೋಕದ ವಿಚಾರಣೆಯಲ್ಲಿ ದೂರು ಕೊಟ್ಟವರು ಯಾರೆಂಬ ಪ್ರಶ್ನೆಯೇ ಏಳುವುದಿಲ್ಲ.

ಮೀಟರನ್ನು ಒಂದು ತಕ್ಕಡಿಯೆಂದು ಭಾವಿಸಿ ನೋಡಿ. ಅದರ ಒಂದು ಕಡೆ ಜನರ ಸೊತ್ತು, ಇನ್ನೊಂದು ಕಡೆ ನಿಮ್ಮ ಹಣ. ತೆಗೆದುಕೊಳ್ಳುವಾಗ ಪೂರ್ತಿ ಅಳೆದುಕೊಂಡು ಕೊಡುವಾಗ ಕಡಿಮೆ ಮಾಡುವವರಿಗೆ ವಿನಾಶವಿದೆಯೆಂದು ಎಚ್ಚರಿಸುತ್ತಲೇ ಕುರ್‌ಆನಿನ ಒಂದು ಅಧ್ಯಾಯ ಆರಂಭವಾಗುತ್ತದೆ, ಅಲ್‌ಮುತಫ್ಫಿಫೀನ್ ಎಂಬ ಅದರ ಹೆಸರೂ ಅದರಿಂದಲೇ ಬಂತು. ಪ್ರವಾದಿ ಶುಐಬ್(ಅ)ರ ಜನಾಂಗ ನಾಶವಾದುದರ ಕಾರಣಗಳಲ್ಲಿ ತೂಕದ ಮೋಸವೂ ಒಂದು. ಮೀಟರನ್ನು ನಿಧಾನಗೊಳಿಸುವುದು ಇಂದಿನ ಕಾಲದ ತೂಕದ ಮೋಸವೇ.

'ಅವರೇನು ಸಾಚಾಗಳೇ? ಇಲಾಖೆಯವರೂ ತಪ್ಪು ಬಿಲ್ ಕೊಡುತ್ತಾರೆ' ಎಂಬುದು ನಾಲ್ಕನೆಯದು. ಇದರಲ್ಲಿ ಕೆಲವೊಮ್ಮೆ ಸತ್ಯವೂ ಇರುತ್ತದೆ, ಆದ್ದರಿಂದ ಮುಂದೆ ಬೇರೆಯಾಗಿಯೇ ಹೇಳುತ್ತೇನೆ.

ಕಾನೂನು ಏನು ಹೇಳುತ್ತದೆ?

ಈಗ ಜಾರಿಯಲ್ಲಿರುವುದು 2003ರ ವಿದ್ಯುತ್ ಕಾಯ್ದೆ. ಅದರಲ್ಲಿ ಎರಡು ದಾರಿಗಳಿವೆ. ಇವೆರಡರ ವ್ಯತ್ಯಾಸ ಗೊತ್ತಿಲ್ಲದೆ ಎಷ್ಟೋ ಕುಟುಂಬಗಳು ಕಷ್ಟಕ್ಕೆ ಸಿಲುಕುತ್ತವೆ.

126ನೇ ಕಲಂ 'ಅನಧಿಕೃತ ಬಳಕೆ'ಯ ಬಗ್ಗೆ. ಮಂಜೂರಾದ ಉದ್ದೇಶ ಬಿಟ್ಟು ಬೇರೆಯದಕ್ಕೆ ಬಳಸುವುದು, ಒಂದು ಕಟ್ಟಡಕ್ಕೆ ಕೊಟ್ಟ ಸಂಪರ್ಕದಿಂದ ಇನ್ನೊಂದು ಕಟ್ಟಡಕ್ಕೆ ತಂತಿ ಎಳೆಯುವುದು ಇವೆಲ್ಲ ಇದರಡಿ ಬರುತ್ತವೆ. ಮಂಜೂರಾದ ಲೋಡಿಗಿಂತ ಹೆಚ್ಚು ಎಳೆಯುವುದೂ ಇದರಲ್ಲೇ ಸೇರುತ್ತದೆಂದು ಒಡಿಶಾದ ಸೀತಾರಾಮ್ ರೈಸ್ ಮಿಲ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2011ರಲ್ಲಿ ತೀರ್ಪಿತ್ತಿತು. ಇಲ್ಲಿ ಜೈಲಿಲ್ಲ. ಅನ್ವಯವಾಗುವ ದರದ ಎರಡು ಪಟ್ಟು ವಸೂಲಿ ಮಾಡುತ್ತಾರೆ. ಎಂದಿನಿಂದ ಹಾಗೆ ಬಳಸಲಾಯಿತೆಂದು ಗೊತ್ತಾಗದಿದ್ದರೆ ಹಿಂದಿನ ಹನ್ನೆರಡು ತಿಂಗಳಿಗೆ ಲೆಕ್ಕ ಹಾಕುತ್ತಾರೆ.

135ನೇ ಕಲಂ ಕಳ್ಳತನದ ಬಗ್ಗೆ. ಕಂಬದ ತಂತಿಗೆ ಕೊಕ್ಕೆ ಹಾಕುವುದು, ಮೀಟರನ್ನು ತಿದ್ದುವುದು, ಸುಟ್ಟುಹಾಕುವುದು, ಇವನ್ನು ಅಪ್ರಾಮಾಣಿಕ ಉದ್ದೇಶದಿಂದ ಮಾಡಿದರೆ ಮೂರು ವರ್ಷದವರೆಗೆ ಸೆರೆವಾಸ, ಅಥವಾ ದಂಡ, ಅಥವಾ ಎರಡೂ. ಹತ್ತು ಕಿಲೋವ್ಯಾಟ್‌ವರೆಗಿನ ಲೋಡಿನಲ್ಲಿ ಮೊದಲ ಬಾರಿ ತಪ್ಪು ಸಾಬೀತಾದರೆ ದಂಡವು ಅವನು ಪಡೆದ ಲಾಭದ ಮೂರು ಪಟ್ಟಿಗಿಂತ ಕಡಿಮೆಯಿರುವಂತಿಲ್ಲ. ಎರಡನೆಯ ಬಾರಿಗೆ ಆರು ಪಟ್ಟು. ಅನುಮತಿಯಿಲ್ಲದ ಸಾಧನ ಸ್ಥಳದಲ್ಲಿ ಪತ್ತೆಯಾಗಿ ರುಜುವಾತಾದರೆ ಗ್ರಾಹಕನೇ ಕದ್ದನೆಂದು ಕಾನೂನು ಭಾವಿಸುತ್ತದೆ. ಅಲ್ಲವೆಂದು ತೋರಿಸುವ ಹೊಣೆ ಅವನದಾಗುತ್ತದೆ.

ಇವೆರಡನ್ನು ಬೇರ್ಪಡಿಸುವುದು ಮನಸ್ಸಿನ ಉದ್ದೇಶ. ಕರ್ಮಗಳನ್ನು ನಿಯ್ಯತ್‌ನಿಂದ ಅಳೆಯಲಾಗುತ್ತದೆಂದು ಬಾಲ್ಯದಿಂದ ಕಲಿತ ನಮಗೆ ಇದು ಬೇಗ ಅರ್ಥವಾಗಬೇಕು. ಆದರೆ ನಿಯ್ಯತ್ ಒಳ್ಳೆಯದಿತ್ತೆಂಬ ಕಾರಣಕ್ಕೆ ಇನ್ನೊಬ್ಬರ ಹಕ್ಕು ಮಾಫಿಯಾಗುವುದಿಲ್ಲ ಎಂಬುದನ್ನೂ ಈ ಕಾನೂನು ಕಲಿಸುತ್ತದೆ. ತಿಳಿಯದೆ ಬಳಸಿದ್ದಕ್ಕೂ ಹಣ ಕಟ್ಟಬೇಕು.

ನಮ್ಮ ಬೀದಿಗಳಲ್ಲಿ

ಬೆಂಗಳೂರಿನ ಪಶ್ಚಿಮ ಭಾಗದ ಬೀದಿಗಳಲ್ಲಿ ನಡೆದುನೋಡಿ. ರಾಜಾಜಿನಗರದ ಕೈಗಾರಿಕಾ ಪ್ರದೇಶ ಮತ್ತು ಕಾಮಾಕ್ಷಿಪಾಳ್ಯದಲ್ಲಿ ಕೆಳಗೆ ಯಂತ್ರ, ಮೇಲೆ ಮನೆ ಇರುವ ಕಟ್ಟಡಗಳಿವೆ. ವಿಜಯನಗರ, ಬಸವೇಶ್ವರನಗರದ ಅಡ್ಡರಸ್ತೆಗಳಲ್ಲಿ ಮನೆಯ ಮುಂದಿನ ಕೋಣೆಯೇ ಟೈಲರಿಂಗ್ ಅಂಗಡಿ, ಜೆರಾಕ್ಸ್ ಅಂಗಡಿ. ಮೈಸೂರು ರಸ್ತೆಯಿಂದ ಕೆಂಗೇರಿಯವರೆಗೆ ಒಂದೇ ನಿವೇಶನದಲ್ಲಿ ನಾಲ್ಕೈದು ಬಾಡಿಗೆ ಮನೆಗಳು, ಆರ್.ಆರ್. ನಂಬರ್ ಮಾತ್ರ ಮಾಲೀಕರ ಹೆಸರಿನಲ್ಲಿ. ಇಲ್ಲಿ ಕಳ್ಳನೆಂದರೆ ಮುಸುಕು ಹಾಕಿದ ಮನುಷ್ಯನಲ್ಲ. ಗೃಹಬಳಕೆಯ ಮೀಟರಿನಲ್ಲಿ ನಾಲ್ಕು ಯಂತ್ರ ಓಡಿಸುವ ಒಳ್ಳೆಯ ಮನುಷ್ಯನೂ ಇದರಲ್ಲಿ ಸಿಲುಕಬಹುದು. ಅವನು ಮೀಟರಿನಲ್ಲಿ ಬಂದಷ್ಟು ಯೂನಿಟ್‌ಗೆ ಹಣ ಕಟ್ಟುತ್ತಾನೆ, ನಿಜ. ಆದರೆ ವಾಣಿಜ್ಯ ಬಳಕೆಗೆ ಬೇರೆ ದರವಿರುವಾಗ ಗೃಹಬಳಕೆಯ ದರ ಕಟ್ಟುವುದು ಒಪ್ಪಂದದ ಉಲ್ಲಂಘನೆ. ಮುಸ್ಲಿಮರು ತಾವು ಒಪ್ಪಿದ ಶರತ್ತುಗಳಿಗೆ ಬದ್ಧರು ಎಂಬುದು ನಮ್ಮ ಧರ್ಮದ ಕಲಿಕೆ.

ರಾಜ್ಯ ಸರಕಾರದ ಗೃಹಜ್ಯೋತಿ ಯೋಜನೆ 2023ರ ಜುಲೈಯಲ್ಲಿ ಜಾರಿಗೆ ಬಂದಮೇಲೆ ಈ ಪ್ರಶ್ನೆ ಇನ್ನಷ್ಟು ಸೂಕ್ಷ್ಮವಾಗಿದೆ. ತಿಂಗಳಿಗೆ 200 ಯೂನಿಟ್ ಮೀರದ ಗೃಹಬಳಕೆಗೆ, ಮನೆಯ ಹಿಂದಿನ ಸರಾಸರಿಯನ್ನು ಆಧರಿಸಿ, ಉಚಿತ ವಿದ್ಯುತ್ ಕೊಡುವ ಯೋಜನೆ ಇದು. ಬಾಡಿಗೆದಾರರಿಗೂ ಸಿಗುತ್ತದೆ. ಮನೆಯ ದೀಪಕ್ಕೆಂದು ಕೊಟ್ಟ ಉಚಿತ ಯೂನಿಟ್‌ಗಳಿಂದ ಅಂಗಡಿಯ ಫ್ರಿಜ್ ಓಡಿಸಿದರೆ ಅದು ಬಡವರ ಪಾಲನ್ನು ವ್ಯಾಪಾರಕ್ಕೆ ಹಾಕಿದಂತೆ. ಸೊನ್ನೆ ಬಿಲ್ ಬಂದಮೇಲೂ ಬಾಡಿಗೆದಾರರಿಂದ 'ಕರೆಂಟಿನ ದುಡ್ಡು' ಎಂದು ವಸೂಲಿ ಮಾಡುವ ಮಾಲೀಕನಿದ್ದರೆ ಅವನು ಕಂಬಕ್ಕೆ ಕೊಕ್ಕೆ ಹಾಕಿದವನಿಗಿಂತ ಉತ್ತಮನೇನಲ್ಲ.

ಮದುವೆ, ಮೀಲಾದ್, ರಮಝಾನಿನ ದೀಪಾಲಂಕಾರದ ವಿಷಯವನ್ನೂ ಹೇಳಬೇಕು. 2023ರ ನವೆಂಬರಿನಲ್ಲಿ, ದೀಪಾವಳಿಯ ಸಮಯದಲ್ಲಿ, ಮಾಜಿ ಮುಖ್ಯಮಂತ್ರಿ ಎಚ್.ಡಿ. ಕುಮಾರಸ್ವಾಮಿಯವರ ಜೆ.ಪಿ. ನಗರದ ಮನೆಯ ಅಲಂಕಾರದ ದೀಪಗಳಿಗೆ ಕಂಬದಿಂದ ನೇರವಾಗಿ ಸಂಪರ್ಕ ಪಡೆದುದಾಗಿ ಬೆಸ್ಕಾಂ ಜಾಗೃತ ದಳ 135ನೇ ಕಲಮಿನಡಿ ಪ್ರಕರಣ ದಾಖಲಿಸಿತು. ಖಾಸಗಿ ಅಲಂಕಾರಿಕರು ತಮಗೆ ತಿಳಿಯದೆ ಹಾಗೆ ಮಾಡಿದರು, ಗೊತ್ತಾದೊಡನೆ ತೆಗೆಸಿದೆ ಎಂದು ಅವರು ಹೇಳಿದರು. ವಿಧಿಸಲಾದ 68,526 ರೂಪಾಯಿ ದಂಡವನ್ನು ಕಟ್ಟಿದರು. ಇದನ್ನು ಹೇಳುವುದು ಯಾರನ್ನೂ ಹೀಯಾಳಿಸಲಿಕ್ಕಲ್ಲ. ಅಂಥ ದೊಡ್ಡ ಮನೆಯಲ್ಲಿ ನಡೆಯಬಹುದಾದದ್ದು ನಮ್ಮ ಮನೆಯ ಶಾಮಿಯಾನದಲ್ಲಿ ಇನ್ನೂ ಸುಲಭವಾಗಿ ನಡೆಯಬಹುದು. ಸೀರಿಯಲ್ ಸೆಟ್ ಕಟ್ಟಲು ಬಂದ ಹುಡುಗ ಏಣಿ ಹಾಕಿ ಕಂಬ ಹತ್ತುವಾಗ ನಾವು ಒಳಗೆ ಬಿರಿಯಾನಿಯ ಲೆಕ್ಕ ನೋಡುತ್ತಿರುತ್ತೇವೆ. 'ನನಗೆ ಗೊತ್ತಿರಲಿಲ್ಲ' ಎಂಬ ಮಾತು ಸತ್ಯವಾಗಿರಬೇಕಾದರೆ ಮೊದಲು ನಾವು ವಿಚಾರಿಸಿರಬೇಕು. ಮುಂಗಡ ಕೊಡುವಾಗಲೇ 'ಕರೆಂಟು ಎಲ್ಲಿಂದ?' ಎಂದು ಕೇಳಿ. ಮನೆಯ ಮೀಟರಿನ ಲೋಡು ಸಾಲದಿದ್ದರೆ ತಾತ್ಕಾಲಿಕ ಸಂಪರ್ಕಕ್ಕೆ ಅರ್ಜಿ ಹಾಕಿ, ಇಲ್ಲವೇ ಜನರೇಟರ್ ತರಿಸಿ. ಮಸೀದಿಯ ಕಮಿಟಿಗಳು ಇದರಲ್ಲಿ ಇನ್ನೂ ಹೆಚ್ಚು ಎಚ್ಚರ ವಹಿಸಬೇಕು. ಪ್ರವಾದಿವರ್ಯರ(ಸ) ಮೇಲಿನ ಪ್ರೀತಿಯನ್ನು ತೋರಿಸಲು ಹಚ್ಚಿದ ದೀಪ ಅವರು ನಿಷೇಧಿಸಿದ ದಾರಿಯಿಂದ ಬಂದಿರಬಾರದು.

ನಿಜವಾದ ಕಷ್ಟದಲ್ಲಿ ಇರುವವರನ್ನೂ ಮರೆಯಬಾರದು. ಸ್ವಾಧೀನಾನುಭವ ಪತ್ರವಿಲ್ಲದ ಕಟ್ಟಡಗಳಿಗೆ ವಿದ್ಯುತ್, ನೀರಿನ ಸಂಪರ್ಕ ಕೊಡಬಾರದೆಂದು ಸುಪ್ರೀಂ ಕೋರ್ಟು 2024ರ ಡಿಸೆಂಬರ್ 17ರಂದು ಹೇಳಿತು. ಅದರ ನಂತರ ಬೆಂಗಳೂರಿನಲ್ಲಿ ಸಾಲ ಮಾಡಿ ಮನೆ ಕಟ್ಟಿದ ಅನೇಕರು ಕತ್ತಲೆಯಲ್ಲಿ ಸಿಲುಕಿದರು. ಅನಿವಾರ್ಯತೆ ನಿಷಿದ್ಧವನ್ನು ಸಡಿಲಿಸುತ್ತದೆಂಬ ನಿಯಮ ನಮ್ಮ ಕರ್ಮಶಾಸ್ತ್ರದಲ್ಲಿದೆ. ಆದರೆ ಆ ನಿಯಮಕ್ಕೆ ಅಳತೆಯೂ ಇದೆ, ಅನಿವಾರ್ಯತೆ ಎಷ್ಟೋ ಸಡಿಲಿಕೆ ಅಷ್ಟೇ. ಬೆಲೆಯನ್ನು ಅದು ಮನ್ನಾ ಮಾಡುವುದಿಲ್ಲ. ಹಸಿವಿನಿಂದ ಸಾಯುವವನು ಪರರ ಅನ್ನ ತಿಂದು ಬದುಕಿದರೂ ನಂತರ ಅದರ ಬೆಲೆ ತೆರಬೇಕೆಂದು ಹೆಚ್ಚಿನ ವಿದ್ವಾಂಸರು ಹೇಳಿದ್ದಾರೆ. ಏರ್‌ಕಂಡಿಷನರ್ ಅನಿವಾರ್ಯತೆಯ ಪಟ್ಟಿಯಲ್ಲಿ ಬರುವುದಿಲ್ಲ.

ಅನ್ಯಾಯಕ್ಕೊಳಗಾದವರು

ಇನ್ನು ಬಾಕಿಯಿಟ್ಟ ನಾಲ್ಕನೆಯ ಮಾತು. ಆರೋಪ ಬಂದವರೆಲ್ಲ ಕಳ್ಳರಲ್ಲ. ಹಳೆಯ ಮೀಟರ್ ತಾನಾಗಿಯೇ ನಿಧಾನವಾಗಬಹುದು. ಹಿಂದಿನ ಬಾಡಿಗೆದಾರ ಮಾಡಿಹೋದ ಕೆಲಸಕ್ಕೆ ಇಂದಿನವನು ಸಿಕ್ಕಿಬೀಳಬಹುದು. ಬೀದಿಯಲ್ಲಿ ಜಾಗೃತ ದಳದ ಜೀಪು ನಿಂತ ಮಾತ್ರಕ್ಕೆ 'ಅವರ ಮನೆಯಲ್ಲಿ ಕರೆಂಟು ಕದಿಯುತ್ತಿದ್ದರಂತೆ' ಎಂದು ಹರಡುವ ನಾಲಗೆಯೂ ಕಳ್ಳತನಕ್ಕಿಂತ ಸಣ್ಣ ಪಾಪವನ್ನೇನೂ ಮಾಡುವುದಿಲ್ಲ.

ಅನ್ಯಾಯಕ್ಕೊಳಗಾದವರಿಗೆ ದಾರಿಯಿದೆ. ಸೂರ್ಯಾಸ್ತದಿಂದ ಸೂರ್ಯೋದಯದವರೆಗೆ ವಾಸದ ಮನೆಯನ್ನು ತಪಾಸಣೆ ಮಾಡಬೇಕಾದರೆ ಆ ಮನೆಯಲ್ಲಿ ವಾಸಿಸುವ ವಯಸ್ಕ ಪುರುಷರೊಬ್ಬರು ಹಾಜರಿರಲೇಬೇಕೆಂದು 135ನೇ ಕಲಂ ಹೇಳುತ್ತದೆ. ಅನುಮತಿಯಿಲ್ಲದೆ ಪರರ ಮನೆ ಹೊಗಬೇಡಿರೆಂಬ ಅನ್ನೂರ್ ಅಧ್ಯಾಯದ ಆದೇಶವನ್ನು ಬಲ್ಲ ನಮ್ಮ ಸ್ತ್ರೀಯರು ಈ ಹಕ್ಕನ್ನೂ ತಿಳಿದಿರಬೇಕು. ವಶಪಡಿಸಿಕೊಂಡ ವಸ್ತುಗಳ ಪಟ್ಟಿ ಮಾಡಿ ಮನೆಯವರಿಗೆ ಕೊಡಬೇಕು, ಅವರು ಅದಕ್ಕೆ ಸಹಿ ಹಾಕಬೇಕು. ಓದದೆ ಮಹಜರಿಗೆ ಸಹಿ ಹಾಕಬೇಡಿ. 126ರಡಿ ಬರುವ ಮೊದಲ ಲೆಕ್ಕ ತಾತ್ಕಾಲಿಕವಾದುದು, ಅದಕ್ಕೆ ಬರಹದಲ್ಲಿ ಆಕ್ಷೇಪಣೆ ಸಲ್ಲಿಸಬಹುದು. ಅಂತಿಮ ಆದೇಶದ ಮೇಲೆ ಮೂವತ್ತು ದಿನಗಳೊಳಗೆ, ಅರ್ಧ ಹಣ ಠೇವಣಿಯಿಟ್ಟು, 127ನೇ ಕಲಮಿನಡಿ ಮೇಲ್ಮನವಿ ಹಾಕಬಹುದು. ಈ ಲೆಕ್ಕವನ್ನು ಪ್ರಶ್ನಿಸಿ ಗ್ರಾಹಕ ನ್ಯಾಯಾಲಯಕ್ಕೆ ಹೋಗಲಾಗದೆಂದು ಅನೀಸ್ ಅಹ್ಮದ್ ಪ್ರಕರಣದಲ್ಲಿ ಸುಪ್ರೀಂ ಕೋರ್ಟು 2013ರಲ್ಲಿ ಸ್ಪಷ್ಟಪಡಿಸಿದೆ. ಆದ್ದರಿಂದ ತಪ್ಪು ಬಾಗಿಲು ತಟ್ಟಿ ದಿನ ಕಳೆಯಬೇಡಿ. ಸಾಮಾನ್ಯ ಬಿಲ್ಲಿನ ತಕರಾರುಗಳಿಗೆ ಗ್ರಾಹಕರ ಕುಂದುಕೊರತೆ ನಿವಾರಣಾ ವೇದಿಕೆ ಇದೆ, ಅದರ ಮೇಲೆ ಓಂಬುಡ್ಸ್‌ಮನ್ ಇದ್ದಾರೆ. ಅನ್ಯಾಯದ ಬಿಲ್ಲಿಗೆ ಉತ್ತರ ಅರ್ಜಿ, ಕೊಕ್ಕೆಯಲ್ಲ.

ಹಾಗೆಯೇ ಲಂಚವೂ ಉತ್ತರವಲ್ಲ. ಜನರ ಸೊತ್ತಿನ ಒಂದು ಭಾಗವನ್ನು ಅನ್ಯಾಯವಾಗಿ ಕಬಳಿಸಲಿಕ್ಕಾಗಿ ಅಧಿಕಾರಸ್ಥರ ಮುಂದೆ ಹಣ ಚಾಚುವುದನ್ನು ಅಲ್‌ಬಕರ ಅಧ್ಯಾಯ ನಿಷೇಧಿಸಿದೆ. ಮೀಟರ್ ಓದಲು ಬಂದವನಿಗೆ 'ಚಾ ಕುಡಿಯಲು' ಕೊಡುವ ನೋಟು ಯಾವುದಕ್ಕೆಂದು ಕೊಡುವವನಿಗೂ ಗೊತ್ತು, ಪಡೆಯುವವನಿಗೂ ಗೊತ್ತು. ಝಕಾತ್ ಸಂಗ್ರಹಿಸಲು ಹೋದ ಒಬ್ಬರು ಹಿಂದಿರುಗಿ 'ಇದು ನಿಮಗೆ, ಇದು ನನಗೆ ಬಂದ ಉಡುಗೊರೆ' ಎಂಬಂತೆ ಹೇಳಿದಾಗ, ಅವರು ಅಪ್ಪ ಅಮ್ಮನ ಮನೆಯಲ್ಲೇ ಕುಳಿತಿದ್ದರೆ ಈ ಉಡುಗೊರೆ ಹುಡುಕಿಕೊಂಡು ಬರುತ್ತಿತ್ತೇ ಎಂದು ಪ್ರವಾದಿವರ್ಯರು(ಸ) ಕೇಳಿದರು. ವಿದ್ಯುತ್ ಇಲಾಖೆಯಲ್ಲಿ ದುಡಿಯುವ ನಮ್ಮ ಸಹೋದರರು ಈ ಪ್ರಶ್ನೆಯನ್ನು ತಮಗೆ ತಾವೇ ಕೇಳಿಕೊಳ್ಳಲಿ.

ಹಿಂದಿರುಗಿಸುವ ದಾರಿ

ನೆರೆಯವನ ಕೋಳಿ ಕದ್ದರೆ ಅವನ ಬಾಗಿಲಿಗೆ ಹೋಗಿ ಕ್ಷಮೆ ಕೇಳಬಹುದು. ಜನರ ಸೊತ್ತು ಕದ್ದವನು ಯಾರ ಬಾಗಿಲಿಗೆ ಹೋಗಬೇಕು? ರಾಜಾಜಿನಗರದಲ್ಲಿ ಬಿಲ್ ಕಟ್ಟಿದ ವಿಧವೆ, ಕೆಂಗೇರಿಯಲ್ಲಿ ಟ್ರಾನ್ಸ್‌ಫಾರ್ಮರ್ ಸುಟ್ಟಾಗ ಕತ್ತಲೆಯಲ್ಲಿ ಓದಿದ ವಿದ್ಯಾರ್ಥಿ, ಇನ್ನೂ ಹುಟ್ಟದ ಮಕ್ಕಳು ಎಲ್ಲರೂ ಆ ಸೊತ್ತಿನ ಒಡೆಯರು. ಅಷ್ಟು ಮಂದಿಯಿಂದ ಕ್ಷಮೆ ಪಡೆಯುವುದು ಸಾಧ್ಯವಿಲ್ಲ. ಆದ್ದರಿಂದ 'ಯಾರದೂ ಅಲ್ಲ' ಎಂದು ಹಗುರವಾಗಿ ಕಂಡದ್ದೇ ಹಕ್ಕುಲ್ ಇಬಾದ್‌ಗಳಲ್ಲಿ ಎಲ್ಲಕ್ಕಿಂತ ಭಾರವಾದದ್ದು.

ಕಾನೂನಿನಲ್ಲಿ ರಾಜಿಗೆ ಅವಕಾಶವಿದೆ. 152ನೇ ಕಲಮಿನಡಿ ನಿಗದಿಯಾದ ಹಣ ಕಟ್ಟಿದರೆ ಅದು ಖುಲಾಸೆಗೆ ಸಮ, ಆದರೆ ಒಬ್ಬನಿಗೆ ಒಂದೇ ಬಾರಿ. ತೌಬಾದ ಬಾಗಿಲು ಅದಕ್ಕಿಂತ ವಿಶಾಲವಾಗಿದೆ, ಆದರೆ ಅದಕ್ಕೂ ಶರತ್ತುಗಳಿವೆ. ಮೊದಲು ಆ ತಂತಿಯನ್ನು ತೆಗೆಸಬೇಕು, ಸ್ವತಃ ಕೈಹಾಕದೆ ಬಲ್ಲವರಿಂದ. ಹೆಚ್ಚಿನ ಲೋಡು ಬೇಕಿದ್ದರೆ ಅರ್ಜಿ ಹಾಕಿ ಸಕ್ರಮ ಮಾಡಿಸಬೇಕು. ನಂತರ ಕುಳಿತು ಲೆಕ್ಕ ಹಾಕಬೇಕು: ಎಷ್ಟು ತಿಂಗಳು, ಅಂದಾಜು ಎಷ್ಟು ಯೂನಿಟ್, ಎಷ್ಟು ಹಣ. ಆ ಹಣ ಜನರಿಗೆ ಮರಳಬೇಕು. ಗೃಹಜ್ಯೋತಿ ಅರ್ಜಿ ಹಾಕಿದವರಿಗೆ ಮಾತ್ರ ಸಿಗುವ ಸೌಲಭ್ಯ. ಸಾಲ ತೀರುವವರೆಗೆ ಅದನ್ನು ಬಿಟ್ಟುಕೊಟ್ಟು ಪೂರ್ತಿ ಬಿಲ್ ಕಟ್ಟುವುದೂ ಒಂದು ದಾರಿ. ಒಡೆಯರಿಗೆ ತಲಪಿಸುವ ದಾರಿ ಕಾಣದಿದ್ದರೆ ಪುಣ್ಯದ ಆಸೆಯಿಲ್ಲದೆ ಸಾರ್ವಜನಿಕರ ಹಿತಕ್ಕೆ ಖರ್ಚು ಮಾಡಬೇಕೆಂದು ವಿದ್ವಾಂಸರು ಹೇಳಿದ್ದಾರೆ. ನಿಮ್ಮ ಊರಿನ ಆಲಿಮರನ್ನು ಕೇಳಿ ನಡೆಯಿರಿ.

ಖಲೀಫಾ ಉಮರ್ ಬಿನ್ ಅಬ್ದುಲ್ ಅಝೀಝ್(ರ)ರ ದೀಪದ ಪ್ರಸಂಗ ನಮಗೆಲ್ಲ ಗೊತ್ತು. ಬಂದವರೊಡನೆ ರಾಜ್ಯದ ಮಾತು ಮುಗಿದು ಮನೆಯ ಮಾತು ಆರಂಭವಾದಾಗ ಅವರು ಬೈತುಲ್‌ಮಾಲ್‌ನ ದೀಪವನ್ನು ಆರಿಸಿದರು ಎನ್ನುತ್ತಾರೆ. ಅದನ್ನು ಹೇಳುವವರು ಬಹುಮಟ್ಟಿಗೆ ಅಲ್ಲಿಗೇ ನಿಲ್ಲಿಸುತ್ತಾರೆ. ಆದರೆ ಖಲೀಫರು ಕತ್ತಲೆಯಲ್ಲಿ ಕೂರಲಿಲ್ಲ, ತಮ್ಮ ಸ್ವಂತದ ದೀಪವನ್ನು ತರಿಸಿಕೊಂಡರು. ಮಕ್ಕಳು ಕತ್ತಲೆಯಲ್ಲಿ ಓದಲಿ ಎಂದು ಇಸ್ಲಾಮ್ ಹೇಳುವುದಿಲ್ಲ. ಉರಿಯುವ ದೀಪ ನಮ್ಮದಾಗಿರಬೇಕು ಎಂದಷ್ಟೇ ಹೇಳುತ್ತದೆ.

ಇಂದು ಇಶಾ ನಮಾಝ್‌ಗೆ ನಿಲ್ಲುವ ಮೊದಲು ಒಮ್ಮೆ ಮೀಟರ್ ಪೆಟ್ಟಿಗೆಯ ಕಡೆಗೆ ಹೋಗಿಬನ್ನಿ. ಎಲ್ಲವೂ ಸರಿಯಿದ್ದರೆ ಅಲ್‌ಹಮ್ದುಲಿಲ್ಲಾಹ್ ಎನ್ನಿ. ಇಲ್ಲದಿದ್ದರೆ ನಾಳೆಯೇ ಸರಿಪಡಿಸಲು ಹೊರಡಿ. ಹಲಾಲ್ ಅನ್ನವನ್ನೂ ಹಲಾಲ್ ಬೆಳಕನ್ನೂ ಅಲ್ಲಾಹನು ನಮ್ಮೆಲ್ಲರ ಮನೆಗಳಿಗೆ ಅನುಗ್ರಹಿಸಲಿ. ಆಮೀನ್.